ಸುಸ್ವರ, ದುಃಸ್ವರ

ಆಡಿದ ಮಾತು ಗಾಳಿಯಲ್ಲಿ ಕರಗಿ ಹೋಯಿತೆಂಬುದು ಲೋಕರೂಢಿ. ನಮ್ಮ ಆಚಾರ್ಯರು ಹಾಗೆ ಭಾವಿಸಲಿಲ್ಲ.

ಮೀಮಾಂಸಕರು ಶಬ್ದವನ್ನು ನಿತ್ಯವೆಂದರು; ನೈಯಾಯಿಕರು ಆಕಾಶದ ಗುಣವೆಂದರು. ಉಮಾಸ್ವಾಮಿಗಳು ತತ್ತ್ವಾರ್ಥಸೂತ್ರದ 5ನೆಯ ಅಧ್ಯಾಯದಲ್ಲಿ ಅದನ್ನು ಪುದ್ಗಲದ, ಎಂದರೆ ಜಡದ್ರವ್ಯದ, ಪರ್ಯಾಯವೆಂದರು. ಅಮೂರ್ತವಾದುದನ್ನು ಗೋಡೆ ತಡೆಯಲಾರದು. ವನಗೂರಿನ ಗುಡ್ಡಗಳ ನಡುವೆ ಕೂಗಿದರೆ ದನಿ ತಾಗಿ ಮರಳುತ್ತದೆ. ಶಬ್ದವು ಗಾಳಿಯ ಕಂಪನವೆನ್ನುವ ಇಂದಿನ ವಿಜ್ಞಾನವೂ ಅದನ್ನು ಜಡಲೋಕದಲ್ಲಿಯೇ ಇರಿಸಿದೆ.

ಈ ವಿಚಾರವು ಕನ್ನಡಕ್ಕೂ ಇಳಿಯಿತು. 13ನೆಯ ಶತಮಾನದಲ್ಲಿ, ಹೊಯ್ಸಳರ ಕಾಲದಲ್ಲಿ, ಜೈನ ವೈಯಾಕರಣ ಕೇಶಿರಾಜನು ತನ್ನ ಶಬ್ದಮಣಿದರ್ಪಣದಲ್ಲಿ ಶಬ್ದವನ್ನು ದ್ರವ್ಯವೆಂದೇ ಕರೆದು, ಅದರ ಹುಟ್ಟಿಗೆ ಜೀವದ ಇಚ್ಛೆಯನ್ನು ಕಾರಣವಾಗಿ ಹೇಳಿದನು.

ತಿರುಳು ಇಲ್ಲಿದೆ. ದನಿ ಜಡ, ಇಚ್ಛೆ ಜೀವದ್ದು. ವೀಣೆ ಅಪಸ್ವರ ನುಡಿದರೆ ತಂತಿಗೆ ಕರ್ಮಬಂಧವಿಲ್ಲ. ನಾಲಗೆ ತಪ್ಪಿ ನುಡಿದರೆ ಹೊಣೆ ನುಡಿದವನದು. ಅದೇ ಸೂತ್ರಗ್ರಂಥದ 6ನೆಯ ಅಧ್ಯಾಯವು ಮನ, ಮಾತು, ಕಾಯಗಳ ವಕ್ರತೆಯನ್ನೂ ವಿಸಂವಾದನವನ್ನೂ ಅಶುಭ ನಾಮಕರ್ಮಕ್ಕೆ ಕಾರಣವೆನ್ನುತ್ತದೆ. ಸರಿದಾರಿಯಲ್ಲಿರುವವನನ್ನು ಮಾತಿನಿಂದ ತಪ್ಪುದಾರಿಗೆ ಎಳೆಯುವುದೇ ವಿಸಂವಾದನ. ಆ ಅಶುಭ ನಾಮಕರ್ಮದ ಭೇದಗಳಲ್ಲಿ ದುಃಸ್ವರವೂ ಒಂದು. ಶುಭದ ಭೇದಗಳಲ್ಲಿ ಸುಸ್ವರ.

ಹಾಗೆಂದು ನಿಜ ನುಡಿದರಷ್ಟೇ ಸಾಲದು. ಪ್ರಾಣಿಗೆ ಪೀಡೆ ತರುವ ಮಾತು, ಇದ್ದುದನ್ನೇ ಹೇಳಿದರೂ, ಅನೃತವೆಂದು ಪೂಜ್ಯಪಾದರು ಸರ್ವಾರ್ಥಸಿದ್ಧಿಯಲ್ಲಿ ವಿವರಿಸಿದ್ದಾರೆ. ನಾವು ವ್ಯಾಪಾರಿಗಳು ಸರಕನ್ನು ತೂಗಿ ಕೊಡುತ್ತೇವೆ. ಸಾಲಗಾರನನ್ನು ನಾಲ್ಕು ಜನರೆದುರು ನಿಲ್ಲಿಸಿ ಬಾಕಿ ಕೇಳುವಾಗ ಲೆಕ್ಕ ಸರಿಯಿರಬಹುದು, ಮಾತನ್ನು ತೂಗಿದೆವೇ? ಶ್ರಾವಕನು ತಕ್ಕಡಿಗೆ ಮೊದಲು ಇಡಬೇಕಾದುದು ತನ್ನ ನುಡಿಯನ್ನೇ.