ತಡೆದ ಗ್ರಾಚ್ಯುಟಿ, ಒಪ್ಪಿಸಿದ ಬೀಗದಕೈ: ಸಿಯಾಲ್ದಾ ರೈಲ್ವೆ ನಿವೃತ್ತರು ಮತ್ತು 16ನೆಯ ನಿಯಮ

ಪೂರ್ವ ರೈಲ್ವೆಯ ಸಿಯಾಲ್ದಾ ವಿಭಾಗದಲ್ಲಿ ಕ್ವಾರ್ಟರ್ಸ್ ಪಡೆದ ನೌಕರರು ನಿವೃತ್ತರಾದಾಗ ಅವರ ಲೆಕ್ಕ ಎರಡು ಕಡೆ ಚುಕ್ತಾ ಆಗಬೇಕು: ಪಿಂಚಣಿ ಕಡತದಲ್ಲಿ ಒಮ್ಮೆ, ಮನೆಯ ಬೀಗದಕೈ ಒಪ್ಪಿಸುವಲ್ಲಿ ಇನ್ನೊಮ್ಮೆ. ಎರಡನೆಯದು ತಡವಾದರೆ ಮೊದಲನೆಯದೂ ನಿಲ್ಲುತ್ತದೆ. ಮನೆ ತೆರವಾಗದಿದ್ದರೆ ಗ್ರಾಚ್ಯುಟಿಯ ಪೂರ್ಣ ಮೊತ್ತವನ್ನೇ ತಡೆಹಿಡಿಯಬೇಕೆಂದು 1993ರ ರೈಲ್ವೆ ಸೇವಾ ಪಿಂಚಣಿ ನಿಯಮಗಳ 16ನೆಯ ನಿಯಮದ 8ನೆಯ ಉಪನಿಯಮ ಹೇಳುತ್ತದೆ. ಈ ಬಗೆಯ ತಕರಾರುಗಳು ಕೇಂದ್ರ ಆಡಳಿತ ನ್ಯಾಯಮಂಡಳಿಯ ಕಲ್ಕತ್ತಾ ಪೀಠದ ಮುಂದೆ ಹೋಗುತ್ತವೆ. ಸುಪ್ರೀಂ ಕೋರ್ಟಿನ 1997ರ ಚಂದ್ರಕುಮಾರ್ ತೀರ್ಪಿನ ನಂತರ ಅಲ್ಲಿಂದ ಹೈಕೋರ್ಟಿಗೂ ದಾರಿಯಿದೆ. ಇಂಥ ವ್ಯಾಜ್ಯಗಳಲ್ಲಿ ಹಣ ಮುರಿದುಕೊಳ್ಳಬಹುದೇ ಎಂಬುದನ್ನೇ ಮುಖ್ಯ ಪ್ರಶ್ನೆಯೆಂದು ವಾದಿಸುವುದು ರೂಢಿ. ನನ್ನ ದೃಷ್ಟಿಯಲ್ಲಿ ಅದಕ್ಕಿಂತ ಮುಖ್ಯವಾದದ್ದು ತಡೆಯುವ ಅಧಿಕಾರ ಯಾವ ದಿನ ಕೊನೆಗೊಳ್ಳುತ್ತದೆ ಎಂಬುದು. ಉಪನಿಯಮವನ್ನು ಪೂರ್ತಿ ಓದಿದರೆ ಆ ದಿನ ಸಿಗುತ್ತದೆ. ನಿವೃತ್ತಿಯ ನಂತರ ಉಳಿಯಲು ಇರುವ ಅನುಮತಿಯ ಅವಧಿ ಮೀರಿಯೂ ಮನೆ ಬಿಡದಿದ್ದರೆ ಬಾಡಿಗೆ, ವಿಶೇಷ ಲೈಸೆನ್ಸ್ ಶುಲ್ಕ, ದಂಡ ಬಾಡಿಗೆಗಳನ್ನು ಮುರಿದುಕೊಂಡು, ಮನೆ ತೆರವಾದಾಗ ಉಳಿಕೆಯನ್ನು ಹಿಂದಿರುಗಿಸಬೇಕು. ಬಾಡಿಗೆಯ ತಕರಾರನ್ನು 1971ರ ಸಾರ್ವಜನಿಕ ಆವರಣಗಳ ಕಾಯ್ದೆಯಡಿಯ ಎಸ್ಟೇಟ್ ಅಧಿಕಾರಿ ತೀರ್ಮಾನಿಸಬೇಕು.

ಆದ್ದರಿಂದ ಬೀಗದಕೈ ಒಪ್ಪಿಸಿದ ದಿನ ಉಳಿಕೆ ಮೊತ್ತದ ಮೇಲಿನ ಹಿಡಿತ ಮುಗಿಯುತ್ತದೆ. ತಕರಾರಿನಲ್ಲಿರುವ ಮೊತ್ತ ಎಷ್ಟೇ ಇರಲಿ, ಅದನ್ನು ಕಳೆದು ಉಳಿದದ್ದನ್ನು ಇಟ್ಟುಕೊಳ್ಳಲು ನಿಯಮದಲ್ಲಿ ಆಧಾರವಿಲ್ಲ. ಗ್ರಾಚ್ಯುಟಿ ಹದಿನಾರೂವರೆ ತಿಂಗಳ ಸಂಬಳದವರೆಗೆ ಹೋಗಬಹುದು. 2024ರ ಜನವರಿಯಿಂದ ಅದರ ಮಿತಿ 25 ಲಕ್ಷ ರೂಪಾಯಿ. ಎಂಟು ಹತ್ತು ತಿಂಗಳ ದಂಡ ಬಾಡಿಗೆಗಾಗಿ ಇಷ್ಟನ್ನೂ ಹಿಡಿದಿಡುವುದು ಸಾಲ ವಸೂಲಿಗಿಂತ ಒತ್ತೆಯ ವ್ಯವಹಾರದಂತೆ ಕಾಣುತ್ತದೆ. ಪಿಂಚಣಿ, ಗ್ರಾಚ್ಯುಟಿಗಳು ಸ್ವತ್ತೇ ಆಗಿದ್ದು, ಕಾನೂನಿನ ಆಧಾರವಿಲ್ಲದೆ ಅವುಗಳ ಯಾವ ಭಾಗವನ್ನೂ ತಡೆಯುವಂತಿಲ್ಲವೆಂದು 2013ರಲ್ಲಿ ಜಿತೇಂದ್ರ ಕುಮಾರ್ ಶ್ರೀವಾಸ್ತವ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸಂವಿಧಾನದ 300ಎ ವಿಧಿಯನ್ನು ನೆಚ್ಚಿ ಹೇಳಿದೆ.

ಇದಕ್ಕೆ ಎದುರಾಗುವ ಬಲವಾದ ಆಕ್ಷೇಪ ವಜೀರ್ ಚಂದ್ ತೀರ್ಪು. ಅನಧಿಕೃತವಾಗಿ ಉಳಿದ ರೈಲ್ವೆ ನಿವೃತ್ತರ ದಂಡ ಬಾಡಿಗೆಯನ್ನು ಗ್ರಾಚ್ಯುಟಿಯಿಂದ ಮುರಿದುಕೊಂಡದ್ದರಲ್ಲಿ ತಪ್ಪಿಲ್ಲವೆಂದು ಸುಪ್ರೀಂ ಕೋರ್ಟ್ ಅಲ್ಲಿ ಹೇಳಿತು. ಆದರೆ ಆ ತೀರ್ಪು ಮುರಿದುಕೊಳ್ಳುವುದನ್ನು ಕುರಿತದ್ದು. ಉಳಿಕೆಯನ್ನೂ ಕಾಲಮಿತಿಯಿಲ್ಲದೆ ಇಟ್ಟುಕೊಳ್ಳಲು ಅದನ್ನು ನೆಪಮಾಡಿದರೆ ತೀರ್ಪನ್ನು ಹಿಗ್ಗಿಸಿದಂತೆ. 1994ರ ಆರ್. ಕಪೂರ್ ಪ್ರಕರಣದಲ್ಲಿ ಅದೇ ನ್ಯಾಯಾಲಯ, ಅನಧಿಕೃತ ವಾಸದ ನಷ್ಟಭರ್ತಿ ಕೇಳಿಕೆ ಬಾಕಿಯಿದೆ ಎಂಬ ಒಂದೇ ಕಾರಣಕ್ಕೆ ಗ್ರಾಚ್ಯುಟಿ ತಡೆಯಲಾಗದೆಂಬ ನಿಲುವನ್ನು ಒಪ್ಪಿ, ಬಡ್ಡಿಯನ್ನು ಶೇಕಡ 10ರಿಂದ 18ಕ್ಕೆ ಏರಿಸಿತು. ಎರಡನ್ನೂ ಒಟ್ಟಿಗೆ ಇಟ್ಟು ಓದಲು ಅಡ್ಡಿಯಿಲ್ಲ: ನಿಶ್ಚಿತವಾದ ಬಾಕಿಯನ್ನು ಮುರಿದುಕೊಳ್ಳಬಹುದು, ಅನಿಶ್ಚಿತವಾದುದರ ಹೆಸರಿನಲ್ಲಿ ಎಲ್ಲವನ್ನೂ ತಡೆಯಲಾಗದು.

ಇನ್ನೊಂದು ಮಾತನ್ನೂ ಕಡೆಗಣಿಸಲಾಗದು. ಕೋಲ್ಕತ್ತದಂಥ ನಗರದಲ್ಲಿ ಒಂದು ಕ್ವಾರ್ಟರ್ಸಿಗೆ ಕಾಯುವ ನೌಕರರಿದ್ದಾರೆ. ಹಣ ಕೊಟ್ಟುಬಿಟ್ಟರೆ ಮನೆ ಬಿಡಿಸಲು ಹಿಡಿತವೇ ಉಳಿಯದು, ಪಿಂಚಣಿಯನ್ನು ಜಪ್ತಿ ಮಾಡಲು 1871ರ ಪಿಂಚಣಿ ಕಾಯ್ದೆಯೂ ಬಿಡದು. ಮನೆ ಬಿಡುವವರೆಗಿನ ತಡೆಗೆ ಈ ವಾದ ಸರಿಯಾದದ್ದೇ. ಬಿಟ್ಟ ಮೇಲೆ ಅದರ ಕಸುವು ಇಳಿಯುತ್ತದೆ. ಗ್ರಾಚ್ಯುಟಿ ಸಾಲದಿದ್ದಲ್ಲಿ ತುಟ್ಟಿಭತ್ಯೆ ಪರಿಹಾರದಿಂದ ವಸೂಲಿ ಮಾಡಲು ಅದೇ ಉಪನಿಯಮ ಅವಕಾಶವಿಟ್ಟಿದೆ, ಪಿಂಚಣಿದಾರರ ಒಪ್ಪಿಗೆಯೂ ಬೇಕಿಲ್ಲ. ಇಷ್ಟು ಬಲವಾದ ಕೈ ಇರುವ ಆಡಳಿತಕ್ಕೆ ಉಳಿಕೆಯನ್ನೂ ಹಿಡಿದಿಡುವ ಅಗತ್ಯವಿಲ್ಲ.

ಹಾಗಾಗಿ ಇಂಥ ಅರ್ಜಿಗಳಲ್ಲಿ ನ್ಯಾಯಮಂಡಳಿ ಮೊದಲು ಕೇಳಬೇಕಾದ ದಾಖಲೆ ಬಾಡಿಗೆ ಲೆಕ್ಕದ ಪಟ್ಟಿಯಲ್ಲ, ಮನೆ ಒಪ್ಪಿಸಿದ ರಸೀದಿ. ಅದರ ಮೇಲಿನ ತಾರೀಖಿನಿಂದ ಉಳಿಕೆಗೆ ಬಡ್ಡಿ ಓಡಬೇಕು.