ಕೊಚ್ಚಿಯ ಪರದೇಶಿ ಪ್ರಾರ್ಥನಾಮಂದಿರ

ಒಂದು ಇಗರ್ಜಿಗೆ ನೂರು ವರ್ಷ ತುಂಬಿತೆಂದರೆ ಅದು ಕಲ್ಲು, ಸುಣ್ಣ, ಹೆಂಚುಗಳ ಆಯುಷ್ಯ ಮಾತ್ರವಲ್ಲ. ಹಲವು ತಲೆಮಾರುಗಳ ಶ್ರದ್ಧೆಯ ಆಯುಷ್ಯವೂ ಹೌದು. ಶತಮಾನೋತ್ಸವದ ಈ ಶುಭ ಸಂದರ್ಭದಲ್ಲಿ ನಮ್ಮದೇ ಪಡುವಣ ಕರಾವಳಿಯ ಇನ್ನೊಂದು ಪುರಾತನ ದೇವಮಂದಿರದ ಚರಿತ್ರೆಯನ್ನು ಓದುಗರ ಮುಂದಿಡಲು ಬಯಸುತ್ತೇವೆ. ಅದು ಇಗರ್ಜಿಯಲ್ಲ, ಯೆಹೂದ್ಯರ ಪ್ರಾರ್ಥನಾಮಂದಿರ.

ಯೆಹೂದ್ಯರಿಗೂ ನಮ್ಮ ನಾಡಿಗೂ ಎಲ್ಲಿಯ ಸಂಬಂಧ ಎಂದು ಕೆಲವರು ಕೇಳಬಹುದು. ನರಿಕೊಂಬಿನ ಬದಿಯಲ್ಲಿ ಹರಿಯುವ ನೇತ್ರಾವತಿಯು ಕಡಲನ್ನು ಸೇರುವ ಮಂಗಳೂರಿನಲ್ಲಿ, 12ನೆಯ ಶತಮಾನದಲ್ಲಿ, ಅಬ್ರಹಾಂ ಬೆನ್ ಯಿಜು ಎಂಬ ಯೆಹೂದ್ಯ ವರ್ತಕನು ಸುಮಾರು 17 ವರ್ಷ ನೆಲೆಸಿದ್ದನು. ಉತ್ತರ ಆಫ್ರಿಕದ ಟ್ಯುನೀಸಿಯಾದಿಂದ ಏಡನ್ ಮಾರ್ಗವಾಗಿ ಬಂದ ಆತನು ಇಲ್ಲಿಂದ ಮೆಣಸು, ಅಡಿಕೆಗಳನ್ನು ಹಡಗಿನಲ್ಲಿ ಕಳುಹಿಸುತ್ತಿದ್ದನು. ಕಂಚಿನ ಪಾತ್ರೆಗಳನ್ನು ಮಾಡಿಸುತ್ತಿದ್ದನು. 1132ರಲ್ಲಿ ಆಶು ಎಂಬ ದಾಸಿಗೆ ಮಂಗಳೂರಿನಲ್ಲೇ ಬಿಡುಗಡೆಯ ಪತ್ರ ಬರೆದುಕೊಟ್ಟನು. ಇದೆಲ್ಲವೂ ನಮಗೆ ತಿಳಿದುಬಂದುದು ಕೈರೋ ನಗರದ ಬೆನ್ ಎಜ್ರಾ ಪ್ರಾರ್ಥನಾಮಂದಿರದ ಉಗ್ರಾಣದಲ್ಲಿ ಉಳಿದಿದ್ದ ಕಾಗದಗಳಿಂದ. ದೇವರ ನಾಮವಿರುವ ಬರಹವನ್ನು ನಾಶಮಾಡಬಾರದೆಂಬ ಯೆಹೂದ್ಯರ ಸಂಪ್ರದಾಯವು ಮಂಗಳೂರಿನ ಚರಿತ್ರೆಯ ಕೆಲವು ಪುಟಗಳನ್ನೂ ಕಾಪಾಡಿತು.

ಆ ವರ್ತಕನು ಮರಳಿ ಹೋದನು. ಆದರೆ ಮಲಬಾರಿನಲ್ಲಿ ಯೆಹೂದ್ಯರು ತಲೆತಲಾಂತರದಿಂದ ನೆಲೆನಿಂತಿದ್ದರು. ಸುಮಾರು ಕ್ರಿ.ಶ. 1000ದಲ್ಲಿ ಚೇರ ಅರಸ ಭಾಸ್ಕರ ರವಿವರ್ಮನು ಜೋಸೆಫ್ ರಬ್ಬಾನ್ ಎಂಬವನಿಗೆ ಕೊಟ್ಟ ತಾಮ್ರಶಾಸನವು ಇದಕ್ಕೆ ಸಾಕ್ಷಿ. 1492ರಲ್ಲಿ ಸ್ಪೇನ್ ದೇಶವು ತನ್ನ ಯೆಹೂದ್ಯರನ್ನು ಹೊರಗಟ್ಟಿದ ಬಳಿಕ ದಿಕ್ಕುಗೆಟ್ಟು ಹೊರಟವರಲ್ಲಿ ಕೆಲವರು ಕೊಚ್ಚಿಗೂ ಬಂದರು. ಊರಿನವರು ಅವರನ್ನು ‘ಪರದೇಶಿ’ಗಳೆಂದು ಕರೆದರು. ಕೊಚ್ಚಿಯ ಅರಸರು ಮಟ್ಟಾಂಚೇರಿಯ ಅರಮನೆಯ ಪಕ್ಕದಲ್ಲೇ ನಿವೇಶನವಿತ್ತರು. 1568ರಲ್ಲಿ ಅಲ್ಲಿ ಪರದೇಶಿ ಪ್ರಾರ್ಥನಾಮಂದಿರವು ತಲೆಯೆತ್ತಿತು.

ಮುಂದಿನ ಸಂಗತಿಯನ್ನು ನಾವು ತಲೆತಗ್ಗಿಸಿಯೇ ಹೇಳಬೇಕಾಗಿದೆ. 1662ರಲ್ಲಿ ಡಚ್ಚರ ಮುತ್ತಿಗೆಗೆ ಯೆಹೂದ್ಯರು ನೆರವಾದರೆಂಬ ಸೇಡಿನಿಂದ ಪೋರ್ಚುಗೀಸರು ಈ ಮಂದಿರಕ್ಕೆ ಬೆಂಕಿಯಿಟ್ಟರು. ಬೆಂಕಿಯಿಟ್ಟವರು ಶಿಲುಬೆಯನ್ನು ವಂದಿಸುವವರೇ ಆಗಿದ್ದರು. ಮರುವರ್ಷ ಕೊಚ್ಚಿಯು ಡಚ್ಚರ ವಶವಾದ ಮೇಲೆ ಮಂದಿರವನ್ನು ಮತ್ತೆ ಕಟ್ಟಲಾಯಿತು. 1760ರಲ್ಲಿ ಗಡಿಯಾರದ ಗೋಪುರವೆದ್ದಿತು. ಎಜೆಕಿಯೆಲ್ ರಹಾಬಿ ಎಂಬ ಶ್ರೀಮಂತ ವರ್ತಕನು ಚೀನಾದಿಂದ ನೀಲಿಬಣ್ಣದ ಚಿತ್ತಾರದ ಬಿಲ್ಲೆಗಳನ್ನು ತರಿಸಿ ನೆಲಕ್ಕೆ ಹಾಸಿದನು.

ಹೊರಗಿನವರಿಂದ ನೊಂದ ಈ ಜನರು ತಮ್ಮೊಳಗೂ ಭೇದವೆಣಿಸಿದರು. ಬಿಡುಗಡೆ ಹೊಂದಿದ ದಾಸರ ಸಂತತಿಯವರಿಗೆ ಮಂದಿರದೊಳಗೆ ಸಮಾನ ಸ್ಥಾನವಿರಲಿಲ್ಲ. ಆ ಸಂತತಿಯವರೇ ಆದ ವಕೀಲ ಎ. ಬಿ. ಸೇಲಂ ಅವರು ಗಾಂಧೀಜಿಯವರ ಮಾರ್ಗ ಹಿಡಿದು ಸತ್ಯಾಗ್ರಹ ನಡೆಸಿ, ಈ ಅನ್ಯಾಯವನ್ನು ಬಹುಮಟ್ಟಿಗೆ ನೀಗಿಸಿದರು. ಮೇಲುಕೀಳಿನ ಭಾವನೆ ನಮ್ಮ ಸಮಾಜಕ್ಕೂ ಅಪರಿಚಿತವಲ್ಲವಾದುದರಿಂದ ಇದನ್ನು ಮರೆಯದೆ ಹೇಳುತ್ತಿದ್ದೇವೆ.

1948ರಲ್ಲಿ ಇಸ್ರೇಲ್ ರಾಷ್ಟ್ರ ಸ್ಥಾಪನೆಯಾಯಿತು. ಕೊಚ್ಚಿಯ ಯೆಹೂದ್ಯರಲ್ಲಿ ಬಹುಪಾಲು ಜನ ಅತ್ತ ಹೊರಟರು. ಯಾರೂ ಅವರನ್ನು ಓಡಿಸಲಿಲ್ಲ. 1968ರಲ್ಲಿ ಮಂದಿರದ ನಾಲ್ಕುನೂರನೆಯ ವರ್ಷದ ಉತ್ಸವಕ್ಕೆ ಪ್ರಧಾನಿ ಇಂದಿರಾ ಗಾಂಧಿಯವರು ಬಂದರು. ಅಂಚೆ ಚೀಟಿಯೂ ಹೊರಬಂದಿತು. ಆದರೆ ಯೆಹೂದ್ಯರ ವಿಧಿಯಂತೆ ಸಾಮೂಹಿಕ ಪ್ರಾರ್ಥನೆಗೆ 10 ಮಂದಿ ವಯಸ್ಕ ಪುರುಷರು ಕೂಡಲೇಬೇಕು. ವರ್ಷಗಳು ಉರುಳಿದಂತೆ ಊರಿನಲ್ಲಿ ಅಷ್ಟು ಜನರೂ ಉಳಿಯಲಿಲ್ಲ. ಇಂದು ಅಲ್ಲಿಗೆ ಬರುವವರಲ್ಲಿ ಹೆಚ್ಚಿನವರು ಪ್ರವಾಸಿಗಳು. ಸಮೀಪದ ಪರವೂರಿನ ಹಳೆಯ ಯೆಹೂದ್ಯ ಮಂದಿರವನ್ನು ಕೇರಳ ಸರಕಾರದ ಮುಜಿರಿಸ್ ಯೋಜನೆಯಲ್ಲಿ ದುರಸ್ತಿಗೊಳಿಸಿ, ಕೇರಳದ ಯೆಹೂದ್ಯರ ಬಾಳುವೆಯನ್ನು ತೋರಿಸುವ ವಸ್ತುಸಂಗ್ರಹಾಲಯವನ್ನಾಗಿ ಮಾಡಲಾಗಿದೆ.

ಈ ಚರಿತ್ರೆಯಲ್ಲಿ ನಮಗೂ ಪಾಲುಂಟು. ನಮ್ಮ ಪೂರ್ವಜರೂ ಗೋವೆಯಿಂದ ಬಂದ ಪರದೇಶಿಗಳೇ. ಬರಗಾಲ, ಯುದ್ಧಗಳ ಜೊತೆಗೆ, ಯೆಹೂದ್ಯರನ್ನು ಬೆದರಿಸಿದ ಧರ್ಮವಿಚಾರಣಾ ನ್ಯಾಯಾಲಯದ ಭಯವೂ ಅವರಲ್ಲಿ ಕೆಲವರನ್ನು ಹೊರಡಿಸಿತು. 1784ರಲ್ಲಿ ಟಿಪ್ಪುವಿನ ಆಜ್ಞೆಯಿಂದ ಕೆನರಾದ ನಮ್ಮ ಇಗರ್ಜಿಗಳು ನೆಲಸಮವಾದವು. ಹಿರಿಯರು ಶ್ರೀರಂಗಪಟ್ಟಣಕ್ಕೆ ಸೆರೆಯಾಳುಗಳಾಗಿ ನಡೆದರು. ದೇವಮಂದಿರ ಸುಟ್ಟುಹೋದ ನೋವು ಏನೆಂಬುದನ್ನು ನಮಗೆ ಬೇರೆಯವರು ಹೇಳಿಕೊಡಬೇಕಾಗಿಲ್ಲ. 1965ರಲ್ಲಿ ಎರಡನೆಯ ವ್ಯಾಟಿಕನ್ ಮಹಾಸಭೆಯು ಯೆಹೂದ್ಯರ ಮೇಲಿನ ದ್ವೇಷವನ್ನು ಖಂಡಿಸಿತು. 1986ರಲ್ಲಿ ಜಗದ್ಗುರು ಎರಡನೆಯ ಜಾನ್ ಪಾಲರು ರೋಮಿನ ಯೆಹೂದ್ಯ ಮಂದಿರಕ್ಕೆ ತೆರಳಿ, ಅವರನ್ನು ನಮ್ಮ ಹಿರಿಯ ಸಹೋದರರೆಂದು ಸಂಬೋಧಿಸಿದರು. ಯೇಸುಸ್ವಾಮಿಯೂ ಅಂಥ ಪ್ರಾರ್ಥನಾಮಂದಿರದಲ್ಲೇ ಧರ್ಮಶಾಸ್ತ್ರವನ್ನು ಓದಿದವರಲ್ಲವೇ?

ಮಟ್ಟಾಂಚೇರಿಯ ಬಿಲ್ಲೆಗಳು ಇಂದಿಗೂ ಹೊಳೆಯುತ್ತಿವೆ. ಅವುಗಳ ಮೇಲೆ ನಿಂತು ಪ್ರಾರ್ಥಿಸಲು ಆ ಹತ್ತು ಮಂದಿಯಿಲ್ಲ. ನಮ್ಮ ಮಕ್ಕಳೂ ಮುಂಬಯಿಗೆ, ಕೊಲ್ಲಿ ನಾಡುಗಳಿಗೆ, ಅದಕ್ಕೂ ದೂರಕ್ಕೆ ಹೋಗುತ್ತಿದ್ದಾರೆ. ಇಗರ್ಜಿಯ ಗೋಡೆಗಳಿಗೆ ಸುಣ್ಣ ಬಳಿಯುವಾಗ, ಮುಂದಿನ ನೂರು ವರ್ಷ ಅದರ ಬೆಂಚುಗಳಲ್ಲಿ ಮೊಣಕಾಲೂರುವವರು ಯಾರೆಂಬುದನ್ನೂ ನಾವೆಲ್ಲರೂ ಯೋಚಿಸೋಣ.