ಪರಸ್ಪರ ಸಮ್ಮತಿಯ ವಿವಾಹ ವಿಚ್ಛೇದನ: ಸಾರ್ವಜನಿಕರಿಗೆ ಮಾಹಿತಿ

ಹಿಂದೂ ವಿವಾಹ ಕಾಯ್ದೆ, 1955ಕ್ಕೆ 1976ರಲ್ಲಿ ಸೇರಿಸಲಾದ 13-ಬಿ ಕಲಮಿನ ಅನ್ವಯ, ಪತಿ ಪತ್ನಿಯರು ಒಬ್ಬರ ಮೇಲೊಬ್ಬರು ಆರೋಪ ಹೊರಿಸದೆ, ಜಂಟಿ ಅರ್ಜಿಯ ಮೂಲಕ ವಿಚ್ಛೇದನ ಪಡೆಯಬಹುದಾಗಿದೆ. ಈ ಕಾಯ್ದೆಯು ಹಿಂದೂ, ಬೌದ್ಧ, ಜೈನ ಹಾಗೂ ಸಿಖ್ಖರಿಗೆ ಅನ್ವಯಿಸುತ್ತದೆ.

ಗಮನಿಸಿ: ಛಾಪಾ ಕಾಗದದ ಮೇಲೆ ಬರೆದುಕೊಂಡ ಒಪ್ಪಂದದಿಂದಾಗಲಿ, ನೋಟರಿಯ ಮುಂದೆ ಮಾಡಿದ ಸಹಿಯಿಂದಾಗಲಿ ಈ ಕಲಮಿನಡಿ ವಿವಾಹವು ರದ್ದಾಗುವುದಿಲ್ಲ. ನ್ಯಾಯಾಲಯವು ಡಿಕ್ರಿ ನೀಡುವವರೆಗೆ ವಿವಾಹವು ಊರ್ಜಿತವಾಗಿರುತ್ತದೆ.

ಷರತ್ತುಗಳು

1. ದಂಪತಿಗಳು ಕನಿಷ್ಠ ಒಂದು ವರ್ಷದಿಂದ ಪ್ರತ್ಯೇಕವಾಗಿ ಬಾಳುತ್ತಿರಬೇಕು. ಒಂದೇ ಮನೆಯಲ್ಲಿದ್ದರೂ ಪತಿ ಪತ್ನಿಯರಂತೆ ಬಾಳದಿದ್ದಲ್ಲಿ ಅದು ಪ್ರತ್ಯೇಕ ಬಾಳುವೆ ಎನಿಸುತ್ತದೆ.
2. ಒಟ್ಟಾಗಿ ಬಾಳಲು ಅವರಿಗೆ ಸಾಧ್ಯವಾಗಿರಬಾರದು.
3. ವಿವಾಹವನ್ನು ಕೊನೆಗೊಳಿಸಲು ಇಬ್ಬರೂ ಒಪ್ಪಿರಬೇಕು. ಬಲವಂತ, ವಂಚನೆ ಅಥವಾ ಅನುಚಿತ ಪ್ರಭಾವದಿಂದ ಪಡೆದ ಸಮ್ಮತಿಯನ್ನು ನ್ಯಾಯಾಲಯವು ಅಂಗೀಕರಿಸುವುದಿಲ್ಲ.

ಅರ್ಜಿ ಸಲ್ಲಿಸುವ ಸ್ಥಳ

ವಿವಾಹ ನಡೆದ ಅಥವಾ ದಂಪತಿಗಳು ಕೊನೆಯದಾಗಿ ಒಟ್ಟಿಗೆ ವಾಸವಿದ್ದ ಸ್ಥಳದ ಕೌಟುಂಬಿಕ ನ್ಯಾಯಾಲಯದಲ್ಲಿ ಅರ್ಜಿ ಸಲ್ಲಿಸಬಹುದು. ಕೌಟುಂಬಿಕ ನ್ಯಾಯಾಲಯವಿಲ್ಲದ ಕಡೆ, ಈ ಕಾಯ್ದೆಯಡಿ ಅಧಿಕಾರವುಳ್ಳ ಸಿವಿಲ್ ನ್ಯಾಯಾಲಯಕ್ಕೆ ಸಲ್ಲಿಸತಕ್ಕದ್ದು. ಸಾಮಾನ್ಯವಾಗಿ ವಿವಾಹ ನೋಂದಣಿ ಪತ್ರ ಅಥವಾ ಲಗ್ನ ಪತ್ರಿಕೆ, ವಿವಾಹದ ಭಾವಚಿತ್ರ, ಗುರುತು ಮತ್ತು ವಿಳಾಸದ ದಾಖಲೆ ಹಾಗೂ ಪ್ರಮಾಣ ಪತ್ರಗಳನ್ನು ಲಗತ್ತಿಸಬೇಕಾಗುತ್ತದೆ.

ಅರ್ಜಿಗೆ ಮುನ್ನ ತೀರ್ಮಾನಿಸಬೇಕಾದ ವಿಷಯಗಳು

ಜೀವನಾಂಶದ ಮೊತ್ತ ಮತ್ತು ಪಾವತಿಯ ದಿನಾಂಕ, ಮಕ್ಕಳ ಪಾಲನೆ, ಭೇಟಿ ಹಾಗೂ ವಿದ್ಯಾಭ್ಯಾಸದ ವೆಚ್ಚ, ಒಡವೆ ವಸ್ತುಗಳ ಹಿಂತಿರುಗಿಸುವಿಕೆ, ಜಂಟಿ ಸಾಲ ಮತ್ತು ಆಸ್ತಿ, ಬಾಕಿ ಇರುವ ಇತರ ಮೊಕದ್ದಮೆಗಳು: ಇವೆಲ್ಲವನ್ನೂ ಲಿಖಿತವಾಗಿ, ಸ್ಪಷ್ಟವಾಗಿ ನಮೂದಿಸತಕ್ಕದ್ದು. ಬಾಯಿಮಾತಿನ ಭರವಸೆಯನ್ನು ನಂಬಿ ಸಹಿ ಮಾಡಬಾರದು. ಮಕ್ಕಳ ಕುರಿತ ಏರ್ಪಾಡನ್ನು, ಅವರ ಹಿತದೃಷ್ಟಿಯಿಂದ, ನ್ಯಾಯಾಲಯವು ಮುಂದೆ ಮಾರ್ಪಡಿಸಬಹುದು.

ವಿಚಾರಣೆಯ ಹಂತಗಳು

ಜಂಟಿ ಅರ್ಜಿ ಸಲ್ಲಿಸಿದ ದಿನದಿಂದ 6 ತಿಂಗಳ ನಂತರ, 18 ತಿಂಗಳ ಒಳಗಾಗಿ, ಇಬ್ಬರೂ ಎರಡನೆಯ ಬಾರಿ ಕೋರಿಕೆ ಮಂಡಿಸಬೇಕು. ಮರುಚಿಂತನೆಗಾಗಿಯೇ ಕಾನೂನು ಈ ಅವಧಿಯನ್ನು ನೀಡಿದೆ. ಆದರೆ ಒಂದೂವರೆ ವರ್ಷಕ್ಕೂ ಹೆಚ್ಚು ಕಾಲ ಪ್ರತ್ಯೇಕವಾಗಿದ್ದು, ರಾಜಿ ಯತ್ನಗಳು ವಿಫಲವಾಗಿ, ಜೀವನಾಂಶ ಮತ್ತು ಮಕ್ಕಳ ವಿಷಯ ಇತ್ಯರ್ಥವಾಗಿದ್ದಲ್ಲಿ, 6 ತಿಂಗಳ ಅವಧಿಯನ್ನು ನ್ಯಾಯಾಲಯವು ಮನ್ನಾ ಮಾಡಬಹುದೆಂದು ಸರ್ವೋಚ್ಚ ನ್ಯಾಯಾಲಯವು 2017ರಲ್ಲಿ ತೀರ್ಪು ನೀಡಿದೆ. ಇದಕ್ಕೆ ಪ್ರತ್ಯೇಕ ಅರ್ಜಿ ಅಗತ್ಯ.

ಸಮ್ಮತಿ ಹಿಂಪಡೆಯಬಹುದೇ?

ಹೌದು. ಡಿಕ್ರಿ ಆಗುವವರೆಗೂ ಇಬ್ಬರ ಸಮ್ಮತಿ ಮುಂದುವರಿದಿರಬೇಕೆಂದು ಸರ್ವೋಚ್ಚ ನ್ಯಾಯಾಲಯವು 1991ರಲ್ಲಿ ತಿಳಿಸಿದೆ. ಮೊದಲ ಅರ್ಜಿಗೆ ಸಹಿ ಹಾಕಿದವರು ಮನಸ್ಸು ಬದಲಿಸಿದಲ್ಲಿ ಅದನ್ನು ನ್ಯಾಯಾಲಯಕ್ಕೆ ತಿಳಿಸಬಹುದು. ಒಬ್ಬರು ಗೈರುಹಾಜರಾದ ಮಾತ್ರಕ್ಕೆ ಅವರ ಸಮ್ಮತಿ ಇದೆಯೆಂದು ಭಾವಿಸುವಂತಿಲ್ಲ.

ಉಚಿತ ಕಾನೂನು ನೆರವು

ಮಹಿಳೆಯರು, ಅವರ ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವಿಗೆ ಅರ್ಹರು. ಪುರುಷರಿಗೆ ಆದಾಯ ಮಿತಿ ಮೊದಲಾದ ಅರ್ಹತೆಗಳು ಅನ್ವಯಿಸುತ್ತವೆ. ನೆರವು ಬೇಕಾದವರು ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರ ಅಥವಾ ತಾಲ್ಲೂಕು ಕಾನೂನು ಸೇವೆಗಳ ಸಮಿತಿಯನ್ನು ಸಂಪರ್ಕಿಸಬಹುದು. ಸಹಾಯವಾಣಿ: 15100.

ಡಿಕ್ರಿ ದೊರೆತ ನಂತರ ಅದರ ದೃಢೀಕೃತ ಪ್ರತಿಯನ್ನು ಇಬ್ಬರೂ ಪಡೆದು ಜೋಪಾನವಾಗಿ ಇಟ್ಟುಕೊಳ್ಳತಕ್ಕದ್ದು.